ತಾತ್ಕಾಲಿಕ ಸರ್ಕಾರಿ ನೌಕರರು ಸಮಾನ ವೇತನ ಕೇಳುವುದು ಹೇಗೆ?

ಹತ್ತು ಹನ್ನೆರಡು ವರ್ಷ ಒಂದೇ ಕಚೇರಿಯಲ್ಲಿ ದುಡಿದ ತಾತ್ಕಾಲಿಕ ನೌಕರರು ಬರೆಯುವ ಮನವಿಯಲ್ಲಿ ಬಹುಮಟ್ಟಿಗೆ ಒಂದೇ ಸಾಲು ಇರುತ್ತದೆ: ‘ನನ್ನನ್ನು ಖಾಯಂ ಮಾಡಿ, ಖಾಯಂ ನೌಕರರ ಸಂಬಳ ಕೊಡಿ.’ ಈ ಎರಡು ಬೇಡಿಕೆಗಳನ್ನು ಒಂದೇ ಉಸಿರಿನಲ್ಲಿ ಕೇಳಿದರೆ, ಮೊದಲನೆಯದಕ್ಕೆ ಇರುವ ಅಡ್ಡಿಯನ್ನೇ ಮುಂದಿಟ್ಟು ಇಲಾಖೆ ಎರಡನೆಯದನ್ನೂ ತಳ್ಳಿಹಾಕುತ್ತದೆ.

ಖಾಯಮಾತಿಗೆ ಇರುವ ಅಡ್ಡಿ ನಮ್ಮ ರಾಜ್ಯದ್ದೇ ಪ್ರಕರಣದಿಂದ ಬಂದದ್ದು. ‘ಕರ್ನಾಟಕ ರಾಜ್ಯ ವಿರುದ್ಧ ಉಮಾದೇವಿ’ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠವು 2006ರ ಏಪ್ರಿಲ್ 10ರಂದು, ನೇಮಕಾತಿ ನಿಯಮ ಮೀರಿ ಸೇರಿದವರು ದೀರ್ಘ ಸೇವೆಯೊಂದನ್ನೇ ತೋರಿಸಿ ಸಕ್ರಮವನ್ನು ಹಕ್ಕಾಗಿ ಕೇಳುವಂತಿಲ್ಲ ಎಂದಿತು. ಆದರೆ ಅದೇ ತೀರ್ಪು, ವಾಣಿಜ್ಯ ತೆರಿಗೆ ಇಲಾಖೆಯ ದಿನಗೂಲಿ ನೌಕರರಿಗೆ ಅವರ ವೃಂದದ ಕನಿಷ್ಠ ಶ್ರೇಣಿಯ ವೇತನ ಕೊಡಬೇಕೆಂದೂ ಹೇಳಿತ್ತು. ಈ ಭಾಗವನ್ನು ಕಚೇರಿಗಳು ನೆನಪಿಟ್ಟುಕೊಳ್ಳುವುದು ಕಡಿಮೆ. ಮುಂದೆ 2016ರ ಅಕ್ಟೋಬರ್ 26ರಂದು ‘ಪಂಜಾಬ್ ರಾಜ್ಯ ವಿರುದ್ಧ ಜಗಜಿತ್ ಸಿಂಗ್’ ಪ್ರಕರಣದಲ್ಲಿ, ದಿನಗೂಲಿ, ಹಂಗಾಮಿ, ಗುತ್ತಿಗೆ ಎಂಬ ಹಣೆಪಟ್ಟಿ ಏನೇ ಇದ್ದರೂ, ಖಾಯಂ ನೌಕರರ ಕೆಲಸವನ್ನೇ ಮಾಡುವವರಿಗೆ ಆ ಹುದ್ದೆಯ ವೇತನ ಶ್ರೇಣಿಯ ಕನಿಷ್ಠ ಮೊತ್ತ ಸಲ್ಲಬೇಕೆಂದು ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿತು. ಮನವಿಯ ಆಧಾರ ಈ ತೀರ್ಪಾಗಿರಲಿ.

ಮೊದಲು ನಿಮ್ಮ ಸ್ಥಾನ ಯಾವುದೆಂದು ನೋಡಿಕೊಳ್ಳಿ. 2012ರ ಕರ್ನಾಟಕ ದಿನಗೂಲಿ ನೌಕರರ ಕ್ಷೇಮಾಭಿವೃದ್ಧಿ ಅಧಿನಿಯಮದಡಿ ಪ್ರಕಟವಾದ ಪಟ್ಟಿಯಲ್ಲಿ ಹೆಸರಿದ್ದರೆ ನಿಮ್ಮ ವೇತನ ಆ ಕಾಯ್ದೆಯಂತೆಯೇ ನಿಗದಿಯಾಗಿರಬೇಕು. ಇಲಾಖೆಯೇ ನೇರವಾಗಿ ನೇಮಿಸಿಕೊಂಡಿದ್ದರೆ ಜಗಜಿತ್ ಸಿಂಗ್ ತೀರ್ಪು ಸಲೀಸಾಗಿ ಅನ್ವಯಿಸುತ್ತದೆ. ಏಜೆನ್ಸಿಯ ಮೂಲಕ ಹೊರಗುತ್ತಿಗೆಯಲ್ಲಿ ಬಂದವರ ದಾರಿ ಕಠಿಣ. ಅವರು ವಕೀಲರ ಸಲಹೆ ಪಡೆಯದೆ ಮುಂದುವರಿಯದಿರುವುದು ಲೇಸು.

ಎರಡನೆಯ ಹೆಜ್ಜೆ ದಾಖಲೆ ಸಂಗ್ರಹ. ಪ್ರಕರಣ ಗೆಲ್ಲುವುದೂ ಸೋಲುವುದೂ ಇಲ್ಲಿಯೇ, ಏಕೆಂದರೆ ಕೆಲಸ ಸಮಾನವೆಂದು ತೋರಿಸುವ ಹೊಣೆ ಕೇಳುವವರದ್ದು. ಹುದ್ದೆಯ ಹೆಸರು ಒಂದೇ ಆಗಿದ್ದರೆ ಸಾಲದು. ಕರ್ತವ್ಯ, ಜವಾಬ್ದಾರಿ ಎರಡೂ ಹೊಂದಿಕೆಯಾಗಬೇಕು. ನೇಮಕಾತಿ ಪತ್ರ, ಬ್ಯಾಂಕ್ ಪಾಸ್‌ಬುಕ್ ಎಲ್ಲರ ಬಳಿಯೂ ಇರುತ್ತವೆ. ಅವುಗಳಿಗಿಂತ ಬೆಲೆಬಾಳುವುದು ಕಾರ್ಯ ಹಂಚಿಕೆಯ ಕಚೇರಿ ಜ್ಞಾಪನ: ಒಂದನೇ ಸಾಲಿನಲ್ಲಿ ಖಾಯಂ ದ್ವಿತೀಯ ದರ್ಜೆ ಸಹಾಯಕರ ಹೆಸರು, ಎರಡನೇ ಸಾಲಿನಲ್ಲಿ ನಿಮ್ಮ ಹೆಸರು, ಎದುರಿಗೆ ಇಬ್ಬರಿಗೂ ‘ಟಪಾಲು ಸ್ವೀಕೃತಿ, ಕಡತ ನಿರ್ವಹಣೆ’ ಎಂದೇ ಬರೆದಿದ್ದು ಕೆಳಗೆ ಕಚೇರಿ ಮುಖ್ಯಸ್ಥರ ಸಹಿ ಇದ್ದರೆ, ಆ ಒಂದು ಹಾಳೆ ಹತ್ತು ಪುಟದ ವಾದಕ್ಕೆ ಸಮ. ಚುನಾವಣೆ, ಜನಗಣತಿ ಕರ್ತವ್ಯಕ್ಕೆ ನಿಯೋಜಿಸಿದ ಆದೇಶಗಳನ್ನೂ ಬಿಡಬೇಡಿ. ಹಾಜರಿ ಪುಸ್ತಕದಲ್ಲಿ ತಾತ್ಕಾಲಿಕ ನೌಕರರ ಹೆಸರು ಕೆಂಪು ಗೆರೆಯ ಕೆಳಗಿದ್ದರೂ, ಬೇರೆಯೇ ನೋಟ್‌ಬುಕ್‌ನಲ್ಲಿದ್ದರೂ ಅದರ ಪ್ರತಿ ಬೇಕು.

ಕೈಗೆ ಸಿಗದ ದಾಖಲೆಗೆ ಮಾಹಿತಿ ಹಕ್ಕು ಅರ್ಜಿ ಹಾಕಿ. ಶುಲ್ಕ 10 ರೂಪಾಯಿ, ಉತ್ತರಕ್ಕೆ 30 ದಿನ. ರಾಜ್ಯದ ನಿಯಮದಂತೆ ಒಂದು ಅರ್ಜಿಗೆ ಒಂದೇ ವಿಷಯ, 150 ಪದಗಳ ಮಿತಿ ಇರುವುದರಿಂದ ಹಾಜರಿ ಪುಸ್ತಕಕ್ಕೊಂದು, ಕಾರ್ಯ ಹಂಚಿಕೆಗೊಂದು, ಮಂಜೂರಾದ ಹುದ್ದೆಗಳ ಪಟ್ಟಿಗೊಂದು ಎಂದು ಬೇರೆ ಬೇರೆಯಾಗಿ ಬರೆಯಬೇಕಾಗುತ್ತದೆ.

ಆಮೇಲೆ ಲೆಕ್ಕ. 2024ರ ಆಗಸ್ಟ್ 1ರಿಂದ ರಾಜ್ಯ ಸರ್ಕಾರಿ ನೌಕರರ ಕನಿಷ್ಠ ಮೂಲ ವೇತನ 27,000 ರೂಪಾಯಿ. ಈ ಕನಿಷ್ಠ ಶ್ರೇಣಿಯ ಕೆಲಸವನ್ನೇ ಮಾಡುವವರಿಗೆ 15,000 ರೂಪಾಯಿ ಸಿಗುತ್ತಿದ್ದರೆ ತಿಂಗಳ ವ್ಯತ್ಯಾಸ 12,000. ವಾರ್ಷಿಕ ವೇತನ ಬಡ್ತಿಯನ್ನು ಇದಕ್ಕೆ ಸೇರಿಸಬೇಡಿ. ತೀರ್ಪು ಕೊಟ್ಟಿರುವುದು ಶ್ರೇಣಿಯ ಕನಿಷ್ಠವನ್ನು ಮಾತ್ರ. ತುಟ್ಟಿಭತ್ಯೆಯನ್ನು ಕೇಳಬಹುದು, ಆದರೆ ಸಿಕ್ಕೇ ಸಿಗುತ್ತದೆಂದು ನೆಚ್ಚಿಕೊಳ್ಳುವಂತಿಲ್ಲ. ಹಿಂಬಾಕಿಗೂ ಮಿತಿ ಇದೆ. ಪ್ರತಿ ತಿಂಗಳ ಕಡಿಮೆ ಸಂಬಳ ಮುಂದುವರಿಯುವ ಅನ್ಯಾಯವಾದರೂ, ಸುಪ್ರೀಂ ಕೋರ್ಟಿನ 2008ರ ತರ್ಸೇಮ್ ಸಿಂಗ್ ತೀರ್ಪಿನ ಪ್ರಕಾರ ಸಾಮಾನ್ಯವಾಗಿ ಅರ್ಜಿ ಹೂಡಿದ ದಿನದಿಂದ ಹಿಂದಿನ ಮೂರು ವರ್ಷಗಳ ಬಾಕಿಯಷ್ಟೇ ದೊರೆಯುತ್ತದೆ. ಹಾಗಾಗಿ ‘ಸಾಹೇಬರು ನೋಡೋಣ ಅಂದಿದ್ದಾರೆ’ ಎಂದು ಕಾಯುವ ಒಂದೊಂದು ತಿಂಗಳೂ ಹಳೆಯ ಒಂದು ತಿಂಗಳ ಬಾಕಿಯನ್ನು ನುಂಗುತ್ತಾ ಹೋಗುತ್ತದೆ.

ಮನವಿಯನ್ನು ನೇಮಕಾತಿ ಪ್ರಾಧಿಕಾರದ ಹೆಸರಿಗೆ ಬರೆದು, ಸೇರಿದ ದಿನಾಂಕ, ಮಾಡುವ ಕೆಲಸ, ಹೋಲಿಕೆಯ ಖಾಯಂ ಹುದ್ದೆ, ಅದರ ಶ್ರೇಣಿ, ವ್ಯತ್ಯಾಸದ ಮೊತ್ತವನ್ನು ಕ್ರಮವಾಗಿ ಹೇಳಿ. ಖಾಯಮಾತಿಯನ್ನೂ ಕೇಳುವುದಿದ್ದರೆ ಅದಕ್ಕೆ ಪ್ರತ್ಯೇಕ ಮನವಿ ಇರಲಿ. ನಿಮ್ಮ ಪ್ರತಿಯ ಮೇಲೆ ಟಪಾಲು ವಿಭಾಗದ ಮೊಹರು ಮತ್ತು ದಿನಾಂಕ ಬೀಳುವವರೆಗೆ ಕಿಟಕಿ ಬಿಟ್ಟು ಕದಲಬೇಡಿ. ಮೊಹರು ಹಾಕಿ ಕೊಡಲು ಒಪ್ಪದಿದ್ದರೆ ಸ್ಪೀಡ್ ಪೋಸ್ಟ್‌ನಲ್ಲಿ ಕಳುಹಿಸಿ ರಸೀದಿ ಇಟ್ಟುಕೊಳ್ಳಿ.

ರಾಜ್ಯ ಇಲಾಖೆಗಳವರ ಸೇವಾ ವಿವಾದ ಸಾಮಾನ್ಯವಾಗಿ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಹೋಗುತ್ತದೆ; ಬೆಂಗಳೂರಲ್ಲದೆ ಬೆಳಗಾವಿ, ಕಲಬುರಗಿಯಲ್ಲೂ ಅದರ ಪೀಠಗಳಿವೆ. ಮನವಿ ತಿರಸ್ಕೃತವಾದರೆ ಆ ಆದೇಶದಿಂದ ಒಂದು ವರ್ಷದೊಳಗೆ, ಆರು ತಿಂಗಳಾದರೂ ಉತ್ತರ ಬಾರದಿದ್ದರೆ ಆ ಆರು ತಿಂಗಳು ಮುಗಿದ ನಂತರದ ಒಂದು ವರ್ಷದೊಳಗೆ ಅರ್ಜಿ ಹೂಡಬೇಕು. ಮೊಹರಿನ ದಿನಾಂಕ ಬೇಕಾಗುವುದು ಈ ಲೆಕ್ಕಕ್ಕೇ. ನಿಗಮ, ಮಂಡಳಿ, ವಿಶ್ವವಿದ್ಯಾಲಯಗಳ ನೌಕರರಿಗೆ ಹೈಕೋರ್ಟಿನ ರಿಟ್ ಅರ್ಜಿಯ ದಾರಿ ಇದೆ. ಮಹಿಳೆಯರು ಮತ್ತು ಪರಿಶಿಷ್ಟ ಜಾತಿ, ಪಂಗಡದವರು ಆದಾಯ ಎಷ್ಟೇ ಇದ್ದರೂ ಕಾನೂನು ಸೇವಾ ಪ್ರಾಧಿಕಾರದಿಂದ ಉಚಿತವಾಗಿ ವಕೀಲರನ್ನು ಪಡೆಯಬಹುದು. ಜಿಲ್ಲಾ ನ್ಯಾಯಾಲಯದ ಆವರಣದಲ್ಲಿರುವ ಪ್ರಾಧಿಕಾರದ ಕಚೇರಿಗೆ ಮೊಹರು ಬಿದ್ದ ಮನವಿಯ ಪ್ರತಿಯೊಂದಿಗೆ ಹೋದರೆ ಆಯಿತು.