ಪರ್ಡ್ಯೂ ಯೂನಿವರ್ಸಿಟಿಗೆ ಬರ್ತಿದೀರಾ? ಈ ಕಾಲೇಜ್ ಬಾಸ್ಕೆಟ್‌ಬಾಲ್ ಸೀಸನ್ ಒಂದ್ಸಲ ಅರ್ಥ ಮಾಡ್ಕೊಂಡ್ಬಿಡಿ

ಇಂಡಿಯಾನಾಗೆ ಓದೋಕೋ ಕೆಲ್ಸಕ್ಕೋ ಬರೋರು ಮನೆ ಬಾಡಿಗೆ ಕೇಳ್ತಾರೆ, ಡ್ರೈವಿಂಗ್ ಲೈಸೆನ್ಸ್ ಕೇಳ್ತಾರೆ, ಸೋನಾ ಮಸೂರಿ ಎಲ್ಲಿ ಸಿಗುತ್ತೆ ಅಂತ ಕೇಳ್ತಾರೆ, ಬಾಸ್ಕೆಟ್‌ಬಾಲ್ ಬಗ್ಗೆ ಮಾತ್ರ ಯಾರೂ ಕೇಳಲ್ಲ. ಆದ್ರೆ ನವೆಂಬರ್‌ನಿಂದ ಏಪ್ರಿಲ್ ಮೊದಲ ವಾರದ ತನಕ ಪರ್ಡ್ಯೂ ಇರೋ ವೆಸ್ಟ್ ಲಫಾಯೆಟ್‌ನಲ್ಲಿ ಜನ ಮಾತಾಡೋದೇ ಅದನ್ನ. ಲ್ಯಾಬಲ್ಲಿ, ಬಸ್ಸಲ್ಲಿ, ಕ್ಷೌರದಂಗಡಿಲಿ, ಎಲ್ಲಾ ಕಡೆ. ಅದು ಅರ್ಥ ಆಗ್ದೇ ಇದ್ರೆ ಆರು ತಿಂಗಳು ಪಕ್ಕದಲ್ಲಿ ಕೂತೋರ ಮಾತೇ ನಿಮಗೆ ತಲೆಗೆ ಹೋಗಲ್ಲ. ನನಗೂ ಮೊದಲನೇ ವರ್ಷ ಹಾಗೇ ಆಗಿತ್ತು, ಅದಕ್ಕೇ ಬರೀತಿದೀನಿ.

2023ರ ಮಾರ್ಚ್ 17ನೇ ತಾರೀಕು, ಶುಕ್ರವಾರ ರಾತ್ರಿ. ಲ್ಯಾಬ್ ಪಕ್ಕದ ಲೌಂಜಲ್ಲಿ ಟಿವಿ ಮುಂದೆ ಇಪ್ಪತ್ತು ಜನ ಇದ್ವಿ. ಪರ್ಡ್ಯೂ ಒಂದನೇ ಸೀಡ್ (ಸೀಡ್ ಅಂದ್ರೆ ಟೂರ್ನಮೆಂಟ್ ಶುರುವಲ್ಲಿ ಬಲ ನೋಡಿ ಕೊಡೋ ನಂಬರ್, 1 ಅಂದ್ರೆ ಬಲಿಷ್ಠ), ಎದುರಿಗೆ ನ್ಯೂಜೆರ್ಸಿಯ ಫೇರ್ಲೀ ಡಿಕಿನ್ಸನ್ ಅನ್ನೋ ಹದಿನಾರನೇ ಸೀಡ್. ನಮ್ಮಲ್ಲಿ 7 ಅಡಿ 4 ಇಂಚಿನ ಝ್ಯಾಕ್ ಈಡಿ, ಅವರ ಗಾರ್ಡ್ ಡಿಮೀಟ್ರಿ ರಾಬರ್ಟ್ಸ್ 5 ಅಡಿ 8 ಇಂಚು. 63-58, ಅವ್ರು ಗೆದ್ರು. ಲೌಂಜಲ್ಲಿ ಯಾರೂ ಬೈಲಿಲ್ಲ, ಕೂಗ್ಲಿಲ್ಲ, ಒಬ್ಬ ಎದ್ದು ಟಿವಿ ಆಫ್ ಮಾಡ್ದ, ಪಿಜ್ಜಾ ಡಬ್ಬ ಹಾಗೇ ಮುಚ್ಚಿಟ್ರು, ಒಬ್ಬೊಬ್ರೇ ಬ್ಯಾಗ್ ಹಾಕ್ಕೊಂಡು ಹೊರಟ್ರು. ನಾನು ಪಕ್ಕದೋನ್ನ, 'ಸರಿ, ಮುಂದಿನ ಮ್ಯಾಚ್ ಯಾವಾಗ?' ಅಂತ ಕೇಳ್ದೆ. 'ಇಲ್ಲ, ಮುಗೀತು' ಅಂದ. ಇಡೀ ವರ್ಷ 29 ಮ್ಯಾಚ್ ಗೆದ್ದಿರೋ ಟೀಮು, ಒಂದು ಸೋಲಿಗೆ ಸೀಸನ್ನೇ ಮುಗಿಯುತ್ತಾ ಅಂತ ನನಗೆ ನಂಬಿಕೆನೇ ಬರ್ಲಿಲ್ಲ.

ಮುಗಿಯುತ್ತೆ. ಯಾಕಂದ್ರೆ ಇಲ್ಲಿ ಒಂದು ಸೀಸನ್ ಅಂದ್ರೆ ಒಳಗೆ ಮೂರು ಬೇರೆ ಬೇರೆ ಸ್ಪರ್ಧೆ ಇರುತ್ತೆ, ಇದೊಂದು ಗೊತ್ತಾದ್ರೆ ಮುಕ್ಕಾಲು ಪಾಲು ಅರ್ಥ ಆದ ಹಾಗೆ. ಡಿವಿಷನ್ ಒನ್ ಅನ್ನೋ ಮೇಲಿನ ದರ್ಜೆಲಿ 360ರ ಮೇಲೆ ಕಾಲೇಜ್ ಟೀಮ್ ಇವೆ. ಅಷ್ಟೂ ಟೀಮ್ ಒಬ್ರಿಗೊಬ್ರು ಆಡೋಕಾಗಲ್ಲ, ಅದಕ್ಕೆ ಕಾನ್ಫರೆನ್ಸ್ ಅಂತ ಗುಂಪು ಮಾಡ್ಕೊಂಡಿದಾರೆ. ಪರ್ಡ್ಯೂ ಇರೋದು ಬಿಗ್ ಟೆನ್‌ನಲ್ಲಿ. ಹೆಸ್ರಲ್ಲಿ ಹತ್ತು ಅಂತಿದ್ರೂ ಆಗ ಅದ್ರಲ್ಲಿ 14 ಟೀಮ್ ಇದ್ವು, 2024ರಿಂದ ಯುಸಿಎಲ್‌ಎ, ಒರೆಗನ್ ಥರದವ್ರೂ ಸೇರಿ 18 ಆಗಿವೆ.

ನವೆಂಬರ್, ಡಿಸೆಂಬರ್‌ನಲ್ಲಿ ಹೊರಗಿನ ಟೀಮ್‌ಗಳ ಜೊತೆ ಆಡ್ತಾರೆ. ಆಮೇಲೆ ಕಾನ್ಫರೆನ್ಸ್ ಒಳಗೆ ಸುಮಾರು 20 ಮ್ಯಾಚ್, ಅದ್ರಲ್ಲಿ ಮೇಲೆ ಬಂದೋರು ರೆಗ್ಯುಲರ್ ಸೀಸನ್ ಚಾಂಪಿಯನ್. ಅದಾದ್ಮೇಲೆ ಮಾರ್ಚ್‌ನಲ್ಲಿ ಕಾನ್ಫರೆನ್ಸ್ ಟೂರ್ನಮೆಂಟ್, ನಾಲ್ಕೈದು ದಿನದ ನಾಕೌಟ್, ಅದಕ್ಕೆ ಬೇರೆ ಕಪ್. ಕೊನೇಲಿ ದೇಶದ ಕಾಲೇಜ್ ಕ್ರೀಡೆ ನೋಡ್ಕೊಳ್ಳೋ ಸಂಸ್ಥೆ ನಡೆಸೋ ರಾಷ್ಟ್ರೀಯ ಎನ್‌ಸಿಎಎ ಟೂರ್ನಮೆಂಟ್, ಜನ ಮಾರ್ಚ್ ಮ್ಯಾಡ್‌ನೆಸ್ ಅನ್ನೋದು ಇದನ್ನೇ. 2023ರಲ್ಲಿ ಪರ್ಡ್ಯೂ ಮೊದಲ ಎರಡನ್ನೂ ಗೆದ್ದಿತ್ತು, ಮೂರನೇದ್ರಲ್ಲಿ ಮೊದಲ ಮ್ಯಾಚಿಗೇ ಮನೆಗೆ ಬಂತು. ಊರು ಆ ಎರಡು ಕಪ್ ನೆನೆಸ್ಕೊಳ್ಳಲ್ಲ, ಆ ಒಂದು ರಾತ್ರಿನ ನೆನೆಸ್ಕೊಳ್ಳುತ್ತೆ.

ಮೂರನೇದಕ್ಕೆ 68 ಟೀಮ್ ಹೋಗುತ್ತೆ. 2023ರಲ್ಲೂ 2024ರಲ್ಲೂ ಅದ್ರಲ್ಲಿ 32 ಜಾಗ ಕಾನ್ಫರೆನ್ಸ್ ಟೂರ್ನಮೆಂಟ್ ಗೆದ್ದೋರಿಗೆ ನೇರವಾಗಿ, ಮಿಕ್ಕ 36 ಜಾಗ ಒಂದು ಕಮಿಟಿ ಕೂತು ಆರಿಸಿದ್ದು. ಯಾರು ಒಳಗೆ, ಯಾರು ಹೊರಗೆ ಅಂತ ಟಿವಿಲಿ ಓದೋ ದಿನಕ್ಕೆ ಸೆಲೆಕ್ಷನ್ ಸಂಡೇ ಅಂತಾರೆ, ಆ ಸಂಜೆ ಯಾರ ಮನೆಗೂ ಫೋನ್ ಮಾಡ್ಬೇಡಿ. ನೇರ ಜಾಗ ಹೇಗೆಲ್ಲಾ ಸಿಗುತ್ತೆ ಅನ್ನೋದಕ್ಕೆ ಆ ಫೇರ್ಲೀ ಡಿಕಿನ್ಸನ್ ಕಥೆನೇ ಸಾಕು. ಅವ್ರು ತಮ್ಮ ಕಾನ್ಫರೆನ್ಸ್ ಫೈನಲ್ ಸೋತಿದ್ರು! ಗೆದ್ದಿದ್ದು ಮೆರಿಮ್ಯಾಕ್ ಅನ್ನೋ ಕಾಲೇಜು, ಆದ್ರೆ ಅವ್ರು ಕೆಳಗಿನ ಡಿವಿಷನ್‌ನಿಂದ ಹೊಸದಾಗಿ ಮೇಲೆ ಬಂದೋರು, ಆ ಬದಲಾವಣೆ ವರ್ಷಗಳಲ್ಲಿ ರಾಷ್ಟ್ರೀಯ ಟೂರ್ನಮೆಂಟಿಗೆ ಹೋಗೋ ಹಾಗಿರ್ಲಿಲ್ಲ, ಹಾಗಾಗಿ ಸೋತೋರಿಗೆ ಟಿಕೆಟ್ ಸಿಕ್ತು. ಡೇಟನ್‌ನಲ್ಲಿ ಕೊನೇ ಸೀಡ್‌ಗಳು ಆಡೋ ಫಸ್ಟ್ ಫೋರ್ ಮ್ಯಾಚ್ ಗೆದ್ದು ಬಂದು ಎರಡೇ ದಿನಕ್ಕೆ ನಮ್ಮನ್ನ ಸೋಲಿಸಿದ್ರು.

ಸೀಡ್ ಅಂದ್ರೆ, 68ನ್ನ ನಾಲ್ಕು ರೀಜನ್ ಮಾಡಿ ಒಂದೊಂದ್ರಲ್ಲೂ 1ರಿಂದ 16ರ ತನಕ ನಂಬರ್ ಕೊಡ್ತಾರೆ, 1ಕ್ಕೆ 16, 2ಕ್ಕೆ 15, ಹೀಗೆ ಜೋಡಿ. ಗಂಡಸರ ಟೂರ್ನಮೆಂಟಲ್ಲಿ ಒಂದನೇ ಸೀಡ್ ಹದಿನಾರಕ್ಕೆ ಸೋತಿದ್ದು ಅದಕ್ಕೂ ಮುಂಚೆ ಒಂದೇ ಸಲ, 2018ರಲ್ಲಿ ವರ್ಜೀನಿಯಾ, ಯುಎಂಬಿಸಿ ಅನ್ನೋ ಮೇರಿಲ್ಯಾಂಡಿನ ಕಾಲೇಜ್ ಕೈಲಿ. ಅದೇ ವರ್ಜೀನಿಯಾ 2019ರಲ್ಲಿ ಕಪ್ ಗೆದ್ದಿತ್ತು, ಹಾಗಾಗಿ ನಮ್ಮ ಮನೆ ಓನರ್ ತಾತ ಬೇಸಿಗೆ ಪೂರ್ತಿ ಸಿಕ್ಕಿದಾಗೆಲ್ಲಾ 'ವರ್ಜೀನಿಯಾ ನೋಡು, ವರ್ಜೀನಿಯಾ ನೋಡು' ಅಂತಿದ್ರು.

2023-24ರ ಸೀಸನ್ ಶುರುವಾಯ್ತು. ನವೆಂಬರ್‌ನಲ್ಲೇ ಹವಾಯಿಲಿ ಮಾವಿ ಇನ್ವಿಟೇಷನಲ್ ಗೆದ್ರು. ಆ ವರ್ಷ ಲಹೈನಾ ಬೆಂಕಿ ಅನಾಹುತದಿಂದ ಅದನ್ನ ಹೊನೊಲುಲುಗೆ ಸಾಗಿಸಿದ್ರು. ಗೊನ್ಜಾಗಾ, ಟೆನೆಸ್ಸಿ, ಮಾರ್ಕೆಟ್ ಯೂನಿವರ್ಸಿಟಿ (Marquette) ಅಂಥ ದೊಡ್ಡ ಟೀಮ್‌ಗಳನ್ನ ಮೂರೇ ದಿನದಲ್ಲಿ ಸೋಲಿಸಿದ್ರು, ಕಮಿಟಿ ಕೂತಾಗ ಇಂಥ ಗೆಲುವಿಗೆ ತೂಕ ಜಾಸ್ತಿ. ಬಿಗ್ ಟೆನ್ ರೆಗ್ಯುಲರ್ ಸೀಸನ್‌ನಲ್ಲಿ 17 ಗೆಲುವು 3 ಸೋಲು, ಆ ಮೂರೂ ಹೊರಗಿನ ಊರಲ್ಲಿ. ಮನೆಯಂಗಳದ ಮ್ಯಾಕಿ ಅರೀನಾದಲ್ಲಿ ಇಡೀ ವರ್ಷ ಒಂದೂ ಸೋಲಿಲ್ಲ.

ಮ್ಯಾಕಿ ಬಗ್ಗೆ ಸ್ವಲ್ಪ ಜಾಸ್ತಿ ಹೇಳ್ಬೇಕು. 1967ರಲ್ಲಿ ಕಟ್ಟಿದ್ದು, ದುಂಡಗಿನ ಕಟ್ಟಡ, ಮೇಲೆ ಗುಮ್ಮಟ, 14 ಸಾವಿರಕ್ಕೂ ಹೆಚ್ಚು ಜನ ಹಿಡಿಯುತ್ತೆ. ಕೂಗಿದ್ದೆಲ್ಲಾ ಗುಮ್ಮಟಕ್ಕೆ ಬಡಿದು ಮತ್ತೆ ಕೆಳಗೇ ಬೀಳುತ್ತೆ, ಎದುರಿನ ಟೀಮ್ ಫ್ರೀ ಥ್ರೋ ಹಾಕುವಾಗ ಪಕ್ಕದೋರು ಕಿವಿ ಹತ್ರ ಕಿರುಚಿದ್ರೂ ಕೇಳ್ಸಲ್ಲ. ನಮ್ ಕಡೆ ಇಂಟರ್ ಕಾಲೇಜ್ ಮ್ಯಾಚ್ ಅಂದ್ರೆ ಆಡೋರ ಫ್ರೆಂಡ್ಸು, ಪಿಟಿ ಮೇಷ್ಟ್ರು ಬಿಟ್ರೆ ನೋಡೋರಿಲ್ಲ, ಇಲ್ಲಿ ಜನವರಿ ಹಿಮದಲ್ಲಿ ಎಂಬತ್ತು ವರ್ಷದ ಅಜ್ಜಿ ಕೋಲೂರ್ಕೊಂಡು ಬಂದು ತನ್ನ ಸೀಟಲ್ಲಿ ಕೂತ್ಕೋತಾರೆ. ಸ್ಟೂಡೆಂಟ್ಸ್ ಕೂರೋ ಸೆಕ್ಷನ್‌ಗೆ ಪೇಂಟ್ ಕ್ರೂ ಅಂತ ಹೆಸ್ರು, ಪಾಸ್ ಬೇಕಂದ್ರೆ ಸೆಮಿಸ್ಟರ್ ಶುರುವಲ್ಲೇ ವಿಚಾರಿಸಿ, ಫೆಬ್ರವರಿಲಿ ಕೇಳಿದ್ರೆ ಸಿಗಲ್ಲ. ಪಾಸ್ ಸಿಗ್ಲಿಲ್ಲ ಅಂದ್ರೆ ಡಿಸೆಂಬರ್ ರಜೆಲಿ ಸಣ್ಣ ಕಾಲೇಜ್ ಜೊತೆ ಇರೋ ಮ್ಯಾಚ್ ನೋಡಿ, ಊರು ಖಾಲಿ ಇರುತ್ತೆ, ಟಿಕೆಟ್ ಸುಲಭ. ಆಟ 20 ನಿಮಿಷದ ಎರಡು ಹಾಫ್, ಎನ್‌ಬಿಎ ಥರ 12 ನಿಮಿಷದ ನಾಲ್ಕು ಕ್ವಾರ್ಟರ್ ಅಲ್ಲ, ಐದು ಫೌಲ್ ಆದ್ರೆ ಆಟಗಾರ ಹೊರಗೆ.

ದುಡ್ಡಿನ ವಿಷ್ಯ ನಮಗೆ ಹತ್ತಿರದ್ದು. 2021ರಿಂದ ಇಲ್ಲಿನ ಕಾಲೇಜ್ ಆಟಗಾರರು ತಮ್ಮ ಹೆಸರು, ಫೋಟೋ ಬಳಸಿ ಜಾಹೀರಾತಿಂದ ದುಡೀಬಹುದು, ಇದಕ್ಕೆ ಎನ್‌ಐಎಲ್ ಅಂತಾರೆ. 2025ರಿಂದ ಕಾಲೇಜೇ ನೇರವಾಗಿ ದುಡ್ಡು ಕೊಡಬಹುದು. ಆದ್ರೆ ಈಡಿ ಟೊರಾಂಟೋದವನು, ಕೆನಡಾ ಪಾಸ್‌ಪೋರ್ಟು, ಇಲ್ಲಿ ಓದ್ತಿದ್ದಿದ್ದು ಸ್ಟೂಡೆಂಟ್ ವೀಸಾ ಮೇಲೆ. 2023, 2024 ಎರಡೂ ವರ್ಷ ದೇಶದ ಅತ್ಯುತ್ತಮ ಆಟಗಾರ ಅನ್ನಿಸ್ಕೊಂಡೋನು, ಜೊತೆ ಆಟಗಾರರು ಜಾಹೀರಾತಲ್ಲಿ ದುಡೀತಿದ್ರೆ ಅವ್ನಿಗೆ ನಮ್ಮ ಎಫ್-1 ಕಟ್ಟುಪಾಡೇ ಅಡ್ಡ. ನಾವು ಕ್ಯಾಂಪಸ್ಸಲ್ಲಿ ವಾರಕ್ಕೆ 20 ಗಂಟೆ ಲೆಕ್ಕ ಹಾಕ್ಕೊಂಡು ಕೆಲ್ಸ ಮಾಡ್ತಿದ್ವಲ್ಲ, ಅದೇ ವೀಸಾ. ಇದು ಗೊತ್ತಾದ ದಿನದಿಂದ ನನಗೆ ಅವ್ನು ನಮ್ಮೋನು ಅನ್ನಿಸ್ಬಿಡ್ತು. ಇನ್ನೊಂದು ಪದ ಕಿವಿಗೆ ಬೀಳುತ್ತೆ, ಟ್ರಾನ್ಸ್‌ಫರ್ ಪೋರ್ಟಲ್. ಆಟಗಾರರು ಕಾಲೇಜ್ ಬದಲಾಯಿಸೋ ದಾರಿ ಅದು. ಲ್ಯಾನ್ಸ್ ಜೋನ್ಸ್ ಸದರ್ನ್ ಇಲಿನಾಯ್‌ನಲ್ಲಿ ನಾಲ್ಕು ವರ್ಷ ಆಡಿ ಕೊನೇ ವರ್ಷಕ್ಕೆ ಪರ್ಡ್ಯೂಗೆ ಬಂದಿದ್ದು ಹಾಗೇ.

ಮಾರ್ಚ್ ಬಂದಾಗ ಆಫೀಸಲ್ಲಿ ಬ್ರ್ಯಾಕೆಟ್ ಕೊಡ್ತಾರೆ, ಯಾವ ಮ್ಯಾಚ್ ಯಾರು ಗೆಲ್ತಾರೆ ಅಂತ ಮೊದಲೇ, ಫಸ್ಟ್ ಫೋರ್ ಬಿಟ್ಟು ಮಿಕ್ಕ 63 ಮ್ಯಾಚಿಗೂ ಬರೆದಿಡೋ ಚಾರ್ಟು. ಆಟ ಗೊತ್ತಿಲ್ಲ ಅಂತ ವಾಪಸ್ ಕೊಡ್ಬೇಡಿ, ಗುರುವಾರ ಮಧ್ಯಾಹ್ನ ಮ್ಯಾಚ್ ಶುರುವಾಗೋದ್ರೊಳಗೆ ತುಂಬಿಸಿ. ನಾನು ಟೀಮ್ ಹೆಸರು ನೋಡ್ಕೊಂಡು ತುಂಬಿಸಿದ್ದೆ, ಆದ್ರೂ ಅವತ್ತಿಂದ ಆಫೀಸಲ್ಲಿ ದಿನಾ ಬೆಳಿಗ್ಗೆ ನನ್ನ ಟೇಬಲ್ ಹತ್ರ ಬಂದು ಮಾತಾಡ್ಸೋಕೆ ಶುರು ಮಾಡಿದ್ರು.

2024ರಲ್ಲೂ ಪರ್ಡ್ಯೂ ಒಂದನೇ ಸೀಡ್, ಎದುರಿಗೆ ಮತ್ತೆ ಹದಿನಾರು. ಗ್ರ್ಯಾಂಬ್ಲಿಂಗ್ ಸ್ಟೇಟನ್ನ 78-50ಕ್ಕೆ ಸೋಲಿಸಿದಾಗ ಕೋಚ್ ಮ್ಯಾಟ್ ಪೇಂಟರ್‌ಗಿಂತ ಜಾಸ್ತಿ ಉಸಿರು ಬಿಟ್ಟಿದ್ದು ಊರು ಅನ್ಸುತ್ತೆ. ಆಮೇಲೆ ಯೂಟಾ ಸ್ಟೇಟ್, ಗೊನ್ಜಾಗಾ. ಡೆಟ್ರಾಯ್ಟ್‌ನಲ್ಲಿ ಟೆನೆಸ್ಸಿ ವಿರುದ್ಧ 72-66, ಈಡಿ ಒಬ್ನೇ 40 ಪಾಯಿಂಟ್. 1980ರ ನಂತರ ಮೊದಲ ಸಲ ಫೈನಲ್ ಫೋರ್, ಅಂದ್ರೆ ಕೊನೇ ನಾಲ್ಕು ಟೀಮಿನ ಹಂತ, ಸೇರಿದ್ರು, ಓನರ್ ತಾತ ಫೋನಲ್ಲಿ ಮಾತಾಡೋಕಾಗ್ದೇ ಇಟ್ಬಿಟ್ರು. ಅರಿಜೋನಾದ ಸೆಮಿಫೈನಲ್ಲಲ್ಲಿ ಸಿಕ್ಕಿದ್ದು ಹನ್ನೊಂದನೇ ಸೀಡ್ ಎನ್‌ಸಿ ಸ್ಟೇಟ್, ಅವ್ರು ತಮ್ಮ ಕಾನ್ಫರೆನ್ಸ್ ಟೂರ್ನಮೆಂಟಲ್ಲಿ ಐದು ದಿನಕ್ಕೆ ಐದು ಮ್ಯಾಚ್ ಗೆದ್ದು ಒಳಗೆ ಬಂದೋರು. 63-50.

ಏಪ್ರಿಲ್ 8, ಸೋಮವಾರ ಫೈನಲ್. ಅವತ್ತೇ ಮಧ್ಯಾಹ್ನ ಇಂಡಿಯಾನಾಪೊಲಿಸ್ ಮೇಲೆ ಪೂರ್ಣ ಸೂರ್ಯಗ್ರಹಣ. ನಾವು ಒಂದ್ಗಂಟೆ ಡ್ರೈವ್ ಮಾಡ್ಕೊಂಡು ಹೋಗಿ ನೋಡಿದ್ವಿ, ಅಮ್ಮ ಊರಿಂದ ಫೋನ್ ಮಾಡಿ ಏನೂ ತಿನ್ಬೇಡಿ, ಬಂದು ತಲೆಗೆ ಸ್ನಾನ ಮಾಡಿ ಅಂದ್ರು, ವಾಪಸ್ ಬರೋವಾಗ ಟ್ರಾಫಿಕ್ಕಲ್ಲಿ ಸಿಕ್ಕಾಕ್ಕೊಂಡು ಸ್ನಾನ ಮುಗಿಸಿ ಟಿವಿ ಹಾಕೋದಕ್ಕೂ ಮ್ಯಾಚ್ ಶುರುವಾಗೋದಕ್ಕೂ ಸರಿ ಹೋಯ್ತು. ಎದುರಿಗಿದ್ದ ಯುಕಾನ್, ಅಂದ್ರೆ ಕನೆಕ್ಟಿಕಟ್ ಯೂನಿವರ್ಸಿಟಿ, ಹಿಂದಿನ ವರ್ಷದ ಚಾಂಪಿಯನ್. ಈಡಿಗೆ ಬೇಕಾದಷ್ಟು ಹಾಕ್ಲಿ ಅಂತ ಬಿಟ್ಟು, ಹೊರಗೆ ನಿಂತು ಮೂರು ಪಾಯಿಂಟ್ ಹಾಕೋರ್ನ ಅಲ್ಲಾಡೋಕೆ ಬಿಡ್ಲಿಲ್ಲ. ಈಡಿ 37 ಹಾಕ್ದ, ಪರ್ಡ್ಯೂಗೆ ಇಡೀ ಮ್ಯಾಚಲ್ಲಿ ಮೂರು ಪಾಯಿಂಟಿನ ಬುಟ್ಟಿ ಬಿದ್ದಿದ್ದು ಒಂದೇ ಒಂದು. 75-60, ಸೋತ್ವಿ.

ಮಾರನೇ ದಿನ ಯುಗಾದಿ. ತಾತನ್ನ ಹೋಳಿಗೆಗೆ ಕರೆದಿದ್ದೆ, ಬರಲ್ವೇನೋ ಅಂದ್ಕೊಂಡಿದ್ದೆ, ಹಳೇ ಚಿನ್ನದ ಬಣ್ಣದ ಪರ್ಡ್ಯೂ ಸ್ವೆಟರ್ ಹಾಕ್ಕೊಂಡೇ ಬಂದ್ರು. ಎರಡನೇ ಹೋಳಿಗೆಗೆ ತುಪ್ಪ ಹಾಕಿಸ್ಕೊಳ್ತಾ, ಈಡಿ ಹೋಗ್ತಾನೆ, ಬ್ರೇಡನ್ ಸ್ಮಿತ್ ಇರ್ತಾನೆ, ಲೋಯರ್ ಇರ್ತಾನೆ, ಮುಂದಿನ ನವೆಂಬರ್‌ಗೆ ಪಾಸ್ ತಗೊಂಡ್ಯಾ ಅಂತ ಕೇಳಿದ್ರು.