ಎಲೈಷಾ ಕುಕ್ ಜೂನಿಯರ್ ಕರಿಯರ್ ಪೂರ್ತಿ ನೋಡ್ಬೇಕಾ? ಹೀಗೆ ಶುರು ಮಾಡಿ

ಮೊದಲ್ನೇ ಮಾತು, ಫಿಲ್ಮೋಗ್ರಫಿ, ಅಂದ್ರೆ ನಟಿಸಿದ ಸಿನಿಮಾಗಳ ಲಿಸ್ಟ್ ತೆಗೆದು ಮೇಲಿಂದ ಕೆಳಗೆ ಟಿಕ್ ಹಾಕ್ತಾ ಹೋಗ್ಬೇಡಿ. ಹೀರೋಗಳಿಗಾದ್ರೆ ಅದು ನಡೆಯುತ್ತೆ, ಇಡೀ ಸಿನಿಮಾ ಅವರೇ ತುಂಬ್ಕೊಂಡಿರ್ತಾರೆ. ಕುಕ್ ಥರದ ಹಾಲಿವುಡ್ ಪೋಷಕ ನಟರು ಒಂದ್ರಲ್ಲಿ ಹತ್ತು ನಿಮಿಷ ಇದ್ರೆ ಇನ್ನೊಂದ್ರಲ್ಲಿ ಎರಡೇ ನಿಮಿಷ ಬಂದು ಹೋಗ್ತಾರೆ, ಲಿಸ್ಟ್ ಹಿಡ್ಕೊಂಡು ಹೊರಟ್ರೆ ನಾಲ್ಕನೇ ಸಿನಿಮಾಕ್ಕೇ ಸುಸ್ತಾಗಿ ಬಿಟ್ಬಿಡ್ತೀರ. 1903ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಹುಟ್ಟಿ 1995ರಲ್ಲಿ ತೀರ್ಕೊಂಡ ಮನುಷ್ಯ, ಐವತ್ತು ವರ್ಷಕ್ಕೂ ಮೀರಿ ಕ್ಯಾಮೆರಾ ಮುಂದೆ ನಿಂತವರು. ಅಷ್ಟನ್ನೂ ಒಂದೇ ಸಲ ನುಂಗೋಕಾಗಲ್ಲ. ಮೊದ್ಲು ಒಂದೇ ಒಂದು ಸೀನ್ ಹಿಡ್ಕೊಳ್ಳಿ.

ಆ ಸೀನ್ ಯಾವ್ದು ಅಂದ್ರೆ 1941ರ ದಿ ಮಾಲ್ಟೀಸ್ ಫಾಲ್ಕನ್‌ನಲ್ಲಿ ಹೋಟೆಲ್ ಕಾರಿಡಾರ್. ಕುಕ್ ಇಲ್ಲಿ ವಿಲ್ಮರ್, ಎರಡೆರಡು ಪಿಸ್ತೂಲ್ ಇಟ್ಕೊಂಡಿರೋ ಪುಂಡ. ಜೊತೇಲಿ ನಡ್ಕೊಂಡು ಹೋಗ್ತಿದ್ದ ಹೀರೋ ಹಂಫ್ರೀ ಬೊಗಾರ್ಟ್ ಒಂದು ಹೆಜ್ಜೆ ಹಿಂದೆ ಸರಿದು, ಇವನ ಕೋಟನ್ನ ಭುಜದಿಂದ ಕೆಳಕ್ಕೆ ಎಳೆದು ಕೈ ಎರಡೂ ಆಡದ ಹಾಗೆ ಮಾಡಿ ಪಿಸ್ತೂಲ್ ಕಿತ್ಕೊಳ್ತಾನೆ. ಈ ಸೀನ್ ಎರಡು ಸಲ ನೋಡಿ. ಮೊದಲ್ನೇ ಸಲ ಸುಮ್ನೆ ಎಲ್ರೂ ನೋಡೋ ಹಾಗೆ. ಎರಡನೇ ಸಲ ಸೌಂಡ್ ಮ್ಯೂಟ್ ಮಾಡಿ, ಬೊಗಾರ್ಟ್ ಕಡೆ ಕಣ್ಣು ಹಾಯಿಸ್ದೆ ಕುಕ್ ಒಬ್ಬರನ್ನೇ ನೋಡಿ. ಹೀರೋ ಕಡೆಯಿಂದ ಕಣ್ಣು ಕೀಳೋದು ಮೊದ್ಮೊದ್ಲು ನಿಜವಾಗ್ಲೂ ಕಷ್ಟ, ಇಡೀ ಫ್ರೇಮನ್ನ ಅವರಿಗೋಸ್ಕರಾನೇ ಜೋಡಿಸಿರ್ತಾರೆ. ಆದ್ರೆ ಒಂದ್ಸಲ ಈ ಅಭ್ಯಾಸ ಬಂತು ಅಂದ್ರೆ ಹಳೇ ಸಿನಿಮಾ ನೋಡೋ ರೀತೀನೇ ಬದಲಾಗಿಬಿಡುತ್ತೆ. ಮುಂದೆ ಬೊಗಾರ್ಟ್ ಇವನನ್ನ ಕೆಣಕ್ತಾ ಹೋದಾಗ ವಿಲ್ಮರ್ ಕಣ್ಣಲ್ಲಿ ನೀರು ತುಂಬ್ಕೊಳ್ಳುತ್ತೆ, ಬಾಯಲ್ಲಿ ಮಾತ್ರ ಬೆದರಿಕೆ. ಹೆದರಿಸೋಕೆ ಬಂದವನೇ ಅಳೋ ಹಾಗಿರೋದು, ಇದೇ ಕುಕ್ ಕೈಚಳಕ. ಸಿನಿಮಾ ಉದ್ದಕ್ಕೂ ಅವನನ್ನ ಹುಡುಗ ಹುಡುಗ ಅಂತಾನೇ ಕರೀತಾರೆ, ಆಗ ಕುಕ್ ವಯಸ್ಸು ಮೂವತ್ತೇಳು!

ಆಮೇಲೆ 1946ರ ದಿ ಬಿಗ್ ಸ್ಲೀಪ್. ಹ್ಯಾರಿ ಜೋನ್ಸ್ ಅನ್ನೋ ಸಣ್ಣ ಪಾತ್ರ, ಪ್ರೀತಿಸಿದ ಹೆಂಗಸಿನ ವಿಳಾಸ ಕೇಳಿದ್ರೆ ಸುಳ್ಳು ಹೇಳಿ, ಎದುರಿಗಿರೋನು ಕೊಟ್ಟ ವಿಷ ಕುಡಿದು ಸಾಯ್ತಾನೆ. ಪಕ್ಕದ ರೂಮಲ್ಲಿ ನಿಂತಿರೋ ಹೀರೋಗೆ ಏನೂ ಮಾಡೋಕಾಗಲ್ಲ. ಇಡೀ ಕಥೆಯಲ್ಲಿ ಯಾರು ಯಾರನ್ನ ಕೊಂದ್ರು ಅನ್ನೋದು ನೆನಪಲ್ಲಿ ಉಳಿಯೋದು ಕಷ್ಟ, ಹ್ಯಾರಿ ಜೋನ್ಸ್ ಸಾವು ಮಾತ್ರ ಮರೆಯಲ್ಲ.

ಮೂರನೇದು 1953ರ ಶೇನ್. ಇಲ್ಲಿ ಪಾಜ್ (pause) ಬಟನ್ ಒತ್ತಿ ಒತ್ತಿ ನೋಡಿ. ಕುಕ್ ಟಾರಿ ಅನ್ನೋ ರೈತ, ಕೆಸರು ತುಂಬಿದ ಬೀದೀಲಿ ಜಾರ್ತಾ ಜಾರ್ತಾ ಬರ್ತಾನೆ, ಎದುರಿಗೆ ವಿಲನ್ ಜಾಕ್ ಪ್ಯಾಲೆನ್ಸ್ ಒಣಗಿದ ಮರದ ಜಗಲಿ ಮೇಲೆ ಆರಾಮಾಗಿ ಹೆಜ್ಜೆ ಹಾಕ್ತಾ ಇರ್ತಾನೆ. ಒಬ್ಬ ಮೇಲೆ, ಒಬ್ಬ ಕೆಳಗೆ, ಇನ್ನೂ ಒಂದು ಗುಂಡೂ ಹಾರಿಲ್ಲ, ಆದ್ರೆ ಮುಗೀತು ಅಂತ ನಿಮಗೆ ಗೊತ್ತಾಗಿಬಿಡುತ್ತೆ. ಟಾರಿ ಪಿಸ್ತೂಲ್ ಅರ್ಧ ಎತ್ತೋಷ್ಟರಲ್ಲಿ ಪ್ಯಾಲೆನ್ಸ್ ಕೈಯಲ್ಲಿ ಗನ್ ಬಂದಿರುತ್ತೆ, ಅಲ್ಲೊಂದು ಕ್ಷಣ ಇಬ್ರೂ ಹಾಗೇ ನಿಲ್ತಾರೆ, ಆ ಕ್ಷಣದಲ್ಲಿ ಕುಕ್ ಮುಖ ನೋಡಿ. ಗುಂಡು ಬಿದ್ದಾಗ ಯಾರೋ ಹಿಂದಿನಿಂದ ಜಗ್ಗಿದ ಹಾಗೆ ಹಾರಿ ಬೀಳ್ತಾರೆ, ಅದು ನಿಜವಾಗ್ಲೂ ಜಗ್ಗಿದ್ದೇ. ನಿರ್ದೇಶಕ ಜಾರ್ಜ್ ಸ್ಟೀವನ್ಸ್ ಇವರ ಮೈಗೆ ತಂತಿ ಕಟ್ಟಿಸಿ ಎಳೆಸಿದ್ರು.

1956ರ ದಿ ಕಿಲ್ಲಿಂಗ್ ಸಿನಿಮಾಗಳಲ್ಲಿ ಕೊನೆಗಿಟ್ಕೊಳ್ಳಿ, ಅದ್ರಲ್ಲಿ ಪಾತ್ರ ದೊಡ್ಡದು. ಕಥೆ ಕುದುರೆ ರೇಸ್ ಕೋರ್ಸ್‌ನ ದರೋಡೆ, ಕುಕ್ ಅಲ್ಲಿ ಕ್ಯಾಷಿಯರ್, ಮನೇಲಿ ಹೆಂಡತಿಯಾಗಿ ನಟಿ ಮರೀ ವಿಂಡ್ಸರ್, ಅವರು ಕುಕ್‌ಗಿಂತ ಎತ್ತರ, ನಿರ್ದೇಶಕ ಸ್ಟ್ಯಾನ್ಲಿ ಕುಬ್ರಿಕ್ ಆ ವ್ಯತ್ಯಾಸಾನ ಚೆನ್ನಾಗೇ ಬಳಸ್ಕೊಂಡಿದಾರೆ. ಗಂಡ ಹೆಂಡ್ತಿ ಮಾತಾಡೋ ಸೀನ್‌ಗಳನ್ನ ಫಾರ್ವರ್ಡ್ ಮಾಡ್ಬೇಡಿ ದಯವಿಟ್ಟು, ದರೋಡೆಗಿಂತ ಅದೇ ಮುಖ್ಯ.

ಇಷ್ಟು ನೋಡಿದ್ಮೇಲೆ ನಿಮಗೇ ಒಂದು ಪ್ರಶ್ನೆ ಬರುತ್ತೆ, ಇವರು ಯಾಕೆ ಇಷ್ಟೊಂದು ಸಲ ಸಾಯ್ತಾರೆ? ಆಗ ಹಾಲಿವುಡ್‌ನಲ್ಲಿ ಪ್ರೊಡಕ್ಷನ್ ಕೋಡ್ ಅಂತ ಇತ್ತು, ತಪ್ಪು ಮಾಡಿದವನಿಗೆ ಶಿಕ್ಷೆ ಆಗ್ಲೇಬೇಕಿತ್ತು. ಹೀಗಾಗಿ ಸಣ್ಣ ಕಳ್ಳನ ಪಾತ್ರಕ್ಕೆ ಗಟ್ಟಿಯಾದವರಿಗೆ ಸಾವೂ ಗಟ್ಟಿ. ಅದೇ ಮುಖ, ಅದೇ ಗಾತ್ರ, ಮತ್ತೆ ಮತ್ತೆ ಅದೇ ಥರದ ಪಾತ್ರ. ಹಾಗಿದ್ರೂ ಪ್ರತಿ ಸಲ ಬೇರೆ ಥರ ಸಾಯೋಕೆ ಎಂಥ ಪ್ರತಿಭೆ ಬೇಕು ಅಂತ ಯೋಚ್ನೆ ಮಾಡಿ.

ಇನ್ನು ಟಿವಿ. ಇಲ್ಲಿ ಹುಡುಕೋ ರೀತಿ ಬೇರೆ. 1950ರ ದಶಕದಲ್ಲಿ ಒಂದು ಸೀಸನ್ ಅಂದ್ರೆ ಸುಮಾರು 39 ಎಪಿಸೋಡ್, ವಾರ ವಾರ ಹೊಸ ಸಾಕ್ಷಿ, ಹೊಸ ಕಳ್ಳ, ಹೊಸ ಕುಡುಕ ಬೇಕೇ ಬೇಕು, ಪೋಷಕ ನಟರಿಗೆ ಸುಗ್ಗಿ. ಕೋರ್ಟ್ ಸೀರಿಯಲ್ ಪೆರ್ರಿ ಮೇಸನ್, ಕೌಬಾಯ್ ಸೀರಿಯಲ್ ಗನ್‌ಸ್ಮೋಕ್ ಎರಡ್ರಲ್ಲೂ ಕುಕ್ ಇದಾರೆ. ನಟರ ಹೆಸರಿನ ಜೊತೆ ಸೀರಿಯಲ್ ಹೆಸರು ಹಾಕಿ ಎಪಿಸೋಡ್ ಲೆಕ್ಕದಲ್ಲಿ ಹುಡುಕಿ, ಹೆಸರನ್ನ ಜೂನಿಯರ್ ಇಲ್ದೇನೂ ಒಂದ್ಸಲ ಟೈಪ್ ಮಾಡಿ, ಕೆಲವು ಕಡೆ ಬರೀ ಎಲೈಷಾ ಕುಕ್ ಅಂತಾನೇ ಹಾಕಿದಾರೆ. ಟೈಟಲ್‌ನಲ್ಲಿ ಹೆಸರು ಸಿಗ್ಲಿಲ್ಲ ಅಂದ್ರೆ ಕೊನೇ ಕ್ರೆಡಿಟ್ಸ್ ತನಕ ಕೂತ್ಕೊಳ್ಳಿ.

ಟಿವೀಲಿ ತಪ್ಪಿಸ್ಕೊಳ್ಳಬಾರದ ಒಂದು ಎಪಿಸೋಡ್ ಅಂದ್ರೆ ಬಾಹ್ಯಾಕಾಶದ ಕಥೆಯ ಸೀರಿಯಲ್ ಸ್ಟಾರ್ ಟ್ರೆಕ್‌ನ ಕೋರ್ಟ್ ಮಾರ್ಷಲ್, 1967ರ ಫೆಬ್ರವರಿದು. ಕುಕ್ ಇಲ್ಲಿ ಲಾಯರ್ ಕಾಗ್ಲಿ, ರೂಮ್ ತುಂಬ ಪುಸ್ತಕ ಪೇರಿಸ್ಕೊಂಡು ಕಂಪ್ಯೂಟರ್ ಬೇಡ, ಕಾನೂನು ಇರೋದು ಇದ್ರಲ್ಲಿ ಅಂತ ವಾದ ಮಾಡ್ತಾರೆ. ಜೀವಮಾನ ಇಡೀ ಬೇರೆಯವರ ಮುಂದೆ ತಲೆ ತಗ್ಗಿಸಿದ ಮುಖಕ್ಕೆ ಇಲ್ಲಿ ಕೋರ್ಟ್ ನಡುವೆ ನಿಂತು ದನಿ ಎತ್ತೋ ಅವಕಾಶ ಸಿಕ್ಕಿದೆ, ನೋಡ್ತಾ ನಂಗೆ ಎದೆ ತುಂಬಿ ಬಂತು.

ದುಡ್ಡಿನ ವಿಷಯಾನೂ ಗೊತ್ತಿದ್ರೆ ಈ ಓಡಾಟ ಅರ್ಥ ಆಗುತ್ತೆ. 1960ರಲ್ಲಿ ನಟರ ಸಂಘ ಮುಷ್ಕರ ಮಾಡಿದ್ಮೇಲೇ ಥಿಯೇಟರ್ ಸಿನಿಮಾಗಳು ಟಿವೀಲಿ ಬಂದಾಗ ನಟರಿಗೆ ಪಾಲು ಕೊಡೋ ಪದ್ಧತಿ ಗಟ್ಟಿಯಾಗಿದ್ದು, ಅದೂ ಅಲ್ಲಿಂದ ಮುಂದಿನ ಸಿನಿಮಾಗಳಿಗೆ ಮಾತ್ರ. ಅಂದ್ರೆ ಮೇಲೆ ಹೇಳಿದ ನಾಲ್ಕೂ ಸಿನಿಮಾ ಟಿವೀಲಿ ಎಷ್ಟು ಸಲ ಓಡಿದ್ರೂ ಆ ಲೆಕ್ಕದಲ್ಲಿ ಪಾಲು ಬರೋ ಹಾಗಿರ್ಲಿಲ್ಲ. ನನ್ನ ಪ್ರಕಾರ ಇದು ಅನ್ಯಾಯ. ಪೋಷಕ ನಟರು ಮುಪ್ಪಿನವರೆಗೂ ವಾರಕ್ಕೊಂದು ಸೀರಿಯಲ್ ಅಂತ ಅಲೀತಾ ಇದ್ದಿದ್ದಕ್ಕೆ ಇದೂ ಒಂದು ಕಾರಣ.

ಹಾಗಂತ ಕುಕ್ ಹಾಲಿವುಡ್ ಪಾರ್ಟಿಗಳಲ್ಲಿ ಸುತ್ತಾಡ್ಕೊಂಡು ಇದ್ದವರಲ್ಲ, ಎಷ್ಟೋ ಕಾಲ ಸಿಯೆರಾ ನೆವಾಡಾ ಬೆಟ್ಟದ ಕಡೆ ಟ್ರೌಟ್ ಮೀನು ಹಿಡ್ಕೊಂಡು ಇದ್ರು, ಪಾತ್ರ ಬಂದಾಗ ಇಳಿದು ಬರೋದು.

ಮ್ಯಾಗ್ನಮ್ ಪಿಐ ಸೀರಿಯಲ್‌ನ ಎಪಿಸೋಡ್‌ಗಳನ್ನ ಎಲ್ಲಕ್ಕಿಂತ ಕೊನೆಗೆ ನೋಡಿ. 1980ರ ದಶಕ, ಹೊನೊಲುಲು, ಕುಕ್‌ಗೆ ಆಗ್ಲೇ ಎಂಬತ್ತರ ಆಸುಪಾಸು. ಪಾತ್ರದ ಹೆಸರು ಐಸ್ ಪಿಕ್, ಊರಿನ ಪಾತಕಿಗಳ ದೊಡ್ಡ ಬಾಸ್, ಈಗ ಇವರ ಮುಂದೆ ಬೇರೆಯವರು ಹೆದರಿ ನಿಲ್ಬೇಕು. ಆ ಎಪಿಸೋಡ್ ಹಾಕೋ ಮುಂಚೆ ಕಾರಿಡಾರ್‌ನಲ್ಲಿ ಕೋಟು ಎಳೆಸ್ಕೊಂಡು ನಿಂತ ವಿಲ್ಮರ್‌ನ ಇನ್ನೊಂದ್ಸಲ ನೋಡ್ಕೊಂಡು ಬನ್ನಿ.