ಕರುಳಿನ ಬೈಪಾಸ್ ಆದವರ ಕೀಲುಬಾವಿಗೆ ಕೋಡ್ ಹಾಕುವಾಗ

ಬಳ್ಳಾರಿಯ ಒಂದು ಆಸ್ಪತ್ರೆಯ ವೈದ್ಯಕೀಯ ದಾಖಲೆ ವಿಭಾಗದಲ್ಲಿ ನನ್ನ ಕೆಲಸ. ಬಿಡುಗಡೆಯಾದವರ ಕೇಸ್ ಶೀಟ್ ಓದಿ, ವೈದ್ಯರು ಬರೆದ ರೋಗನಿರ್ಣಯಕ್ಕೆ ವಿಶ್ವ ಆರೋಗ್ಯ ಸಂಸ್ಥೆಯ ರೋಗಗಳ ವರ್ಗೀಕರಣವಾದ ಐಸಿಡಿ-10 ಪಟ್ಟಿಯಿಂದ ಕೋಡ್ ಹಾಕುತ್ತೇನೆ. ಇದಕ್ಕೆ ಮೊದಲು ಮನೆಯಲ್ಲೇ ಕುಳಿತು ಅಮೆರಿಕದ ಆಸ್ಪತ್ರೆಗಳ ಫೈಲುಗಳನ್ನು ನೋಡುತ್ತಿದ್ದೆ. ಆ ಕೆಲಸದಲ್ಲೂ ಈ ಕೆಲಸದಲ್ಲೂ ಕೈ ತಡೆದು ನಿಲ್ಲಿಸಿದ ಕೋಡ್‌ಗಳಲ್ಲಿ ಎಂ02.0 ಒಂದು. ಕರುಳಿನ ಬೈಪಾಸ್ ಶಸ್ತ್ರಚಿಕಿತ್ಸೆಯ ನಂತರದ ಕೀಲುರೋಗ ಎಂದು ಅದರ ಶೀರ್ಷಿಕೆ.

ಅಪರೂಪದ ಕೋಡ್ ಇದು. ಆದರೆ ಹಾಕುವ ಆಸೆ ಹುಟ್ಟಿಸುವಂಥದು. ಹೊಟ್ಟೆಯ ಮೇಲೆ ಹೊಲಿಗೆಯ ಗುರುತು, ಕಾಲಲ್ಲಿ ಬಾವು; ಫೈಲಿನಲ್ಲಿ ಇವೆರಡೂ ಕಂಡ ಕೂಡಲೇ ಹೊಸಬರು ಖುಷಿಯಿಂದ ಎಂ02.0 ಬರೆದುಬಿಡುತ್ತಾರೆ. ಶಸ್ತ್ರಚಿಕಿತ್ಸೆ ಆಗಿದೆ, ಕೀಲು ಊದಿದೆ ಎಂಬ ಎರಡು ಸಂಗತಿಗಳನ್ನು ಗಂಟು ಹಾಕುವ ಅಧಿಕಾರ ಕೋಡ್ ಹಾಕುವವರಿಗಿಲ್ಲ, ಚಿಕಿತ್ಸೆ ಕೊಟ್ಟ ವೈದ್ಯರಿಗಿದೆ. ನನ್ನ ಕೆಲಸದ ಮುಕ್ಕಾಲು ಪಾಲು ಆ ಗಂಟು ಫೈಲಿನಲ್ಲಿ ಇದೆಯೇ ಎಂದು ಹುಡುಕುವುದರಲ್ಲೇ ಕಳೆಯುತ್ತದೆ.

ನಮ್ಮ ಭಾಗದಲ್ಲಂತೂ ಕೀಲು ನೋವಿಗೆ ಕಾರಣಗಳ ಬರ ಇಲ್ಲ. ಕೊಪ್ಪಳ, ರಾಯಚೂರು, ಬಳ್ಳಾರಿಯ ಎಷ್ಟೋ ಹಳ್ಳಿಗಳ ಕೊಳವೆಬಾವಿ ನೀರಿನಲ್ಲಿ ಫ್ಲೋರೈಡ್ ಇದೆ. ಮೂಳೆಯ ಫ್ಲೋರೋಸಿಸ್‌ಗೆ ಎಂ85.1 ಎಂಬ ಬೇರೆಯದೇ ಕೋಡ್ ಇದೆ. ಚಿಕುನ್‌ಗುನ್ಯಾ ಬಂದು ಹೋದವರು ತಿಂಗಳುಗಟ್ಟಲೆ ಸಂದು ಹಿಡಿದುಕೊಂಡು ನರಳುತ್ತಾರೆ. ತುಂಗಭದ್ರಾ ಕಾಲುವೆಯ ಕೆಳಗಿನ ಗದ್ದೆಗಳಲ್ಲಿ ವರ್ಷಗಟ್ಟಲೆ ಬಗ್ಗಿ ಭತ್ತ ನಾಟಿ ಮಾಡಿದ ಹೆಂಗಸರಲ್ಲಿ ಸವೆದ ಮಂಡಿ ಹೊತ್ತು ಬರುವವರು ಬೇಕಾದಷ್ಟು ಮಂದಿ, ಅದು ಎಂ17. ಇವರಲ್ಲಿ ಯಾರಿಗಾದರೂ ಹಿಂದೊಮ್ಮೆ ಕರುಳಿನ ಆಪರೇಷನ್ ಆಗಿದ್ದ ಮಾತ್ರಕ್ಕೆ ಮಂಡಿ ನೋವನ್ನು ಕರುಳಿನ ತಲೆಗೆ ಕಟ್ಟಲಾಗುವುದಿಲ್ಲ.

ಒಂದು ಫೈಲನ್ನು ಹೇಗೆ ಮುಗಿಸಿದೆ ಎಂದು ಹೇಳುತ್ತೇನೆ. ರೋಗಿಯ ಗುರುತು ಸಿಗುವಂಥ ವಿವರಗಳನ್ನು ಬಿಟ್ಟಿದ್ದೇನೆ. ಮಧ್ಯವಯಸ್ಸಿನ ಹೆಂಗಸು. ಎರಡೂ ಮಂಡಿ, ಬಲ ಮಣಿಕಟ್ಟು ಊದಿವೆ, ಕಾಲಿನ ಮೇಲೆ ಕೀವು ತುಂಬಿದ ಸಣ್ಣ ಗುಳ್ಳೆಗಳು, ಆಗಾಗ ಭೇದಿ. ಅಂತಿಮ ರೋಗನಿರ್ಣಯದ ಜಾಗದಲ್ಲಿ ಕಿರಿಯ ವೈದ್ಯರು ‘ಬಹುಕೀಲು ಉರಿಯೂತ, ಹಿಂದೆ ಹೊಟ್ಟೆಯ ಶಸ್ತ್ರಚಿಕಿತ್ಸೆ’ ಎಂದಷ್ಟೇ ಬರೆದಿದ್ದರು. ಹೊಟ್ಟೆಯ ಶಸ್ತ್ರಚಿಕಿತ್ಸೆ ಎಂದರೆ ಏನು? ಅಪೆಂಡಿಕ್ಸ್ ತೆಗೆದದ್ದೂ ಅದೇ, ಗರ್ಭಕೋಶ ತೆಗೆದದ್ದೂ ಅದೇ. ಫೈಲಿನ ಕೊನೆಯಲ್ಲಿ, ಪ್ಲಾಸ್ಟಿಕ್ ಚೀಲದೊಳಗೆ ನಾಲ್ಕಾಗಿ ಮಡಚಿದ ಹಳೆಯ ಡಿಸ್ಚಾರ್ಜ್ ಕಾರ್ಡಿನ ಜೆರಾಕ್ಸ್ ಸಿಕ್ಕಿತು. ಮಡಿಕೆ ಬಿದ್ದ ಕಡೆ ಅಕ್ಷರ ಅಳಿಸಿತ್ತು. ಆದರೂ ‘ಇಲಿಯೋ-ಟ್ರಾನ್ಸ್‌ವರ್ಸ್’ ಎಂಬುದನ್ನು ಓದಬಹುದಿತ್ತು. ಸಣ್ಣ ಕರುಳು ದೊಡ್ಡ ಕರುಳನ್ನು ಸೇರುವ ಜಾಗದಲ್ಲಿ ಕ್ಷಯ ತಗುಲಿ ದಾರಿ ಕಟ್ಟಿದಾಗ, ಆ ಭಾಗವನ್ನು ಒಳಗೇ ಬಿಟ್ಟು, ಸಣ್ಣ ಕರುಳನ್ನು ಮುಂದಕ್ಕೆ ಒಯ್ದು ದೊಡ್ಡ ಕರುಳಿಗೆ ಜೋಡಿಸುವ ಬೈಪಾಸ್ ಅದು.

ಪಕ್ಕದಲ್ಲಿ ಕುಳಿತಿದ್ದ ಹುಡುಗಿ, “ಮೇಡಂ, ಹಾಗಾದರೆ ಎಂ02.0 ಸರಿ ಅಲ್ಲವೇ?” ಎಂದಳು.

“ಕ್ಷಯ ಇತ್ತು ಎಂದು ಓದಿದೆಯಲ್ಲ. ಅದೇ ಕೀಲಿಗೆ ಇಳಿದಿದ್ದರೆ?” ಎಂದೆ.

ಕೀಲಿಗೇ ಕ್ಷಯ ತಗುಲಿದ್ದರೆ ಎ18.0 ಮತ್ತು ಎಂ01.1 ಎಂಬ ಜೋಡಿ ಕೋಡ್ ಬರಬೇಕು. ಹಳೆಯ ರೋಗ ಕ್ಷಯವಲ್ಲದೆ ಕ್ರೋನ್ಸ್ ಎಂಬ ಕರುಳಿನ ದೀರ್ಘಕಾಲದ ಉರಿಯೂತ ಆಗಿದ್ದು, ಕೀಲುಬಾವು ಅದರದೇ ಭಾಗ ಎಂದು ವೈದ್ಯರು ಹೇಳಿದರೆ ಕೆ50 ಮತ್ತು ಎಂ07.4. ಒಂದೇ ಮಂಡಿಬಾವಿಗೆ ಹೀಗೆ ಮೂರು ದಾರಿ. ಕೀಲಿನ ನೀರಿನ ವರದಿ ನೋಡಿದೆ, ಅದರಲ್ಲಿ ಸೋಂಕು ಕಂಡಿರಲಿಲ್ಲ. ಅಷ್ಟರಿಂದ ನಾನು ಯಾವ ತೀರ್ಮಾನಕ್ಕೂ ಬರುವಂತಿರಲಿಲ್ಲ. ವರದಿ ಓದಿ ರೋಗ ಹೇಳುವುದು ನಮ್ಮ ಮೇಜಿನ ಕೆಲಸವಲ್ಲ.

ಹಾಗಾಗಿ ವೈದ್ಯರಿಗೆ ಚೀಟಿ ಬರೆದೆ. ಈ ಚೀಟಿ ಬರೆಯುವುದರಲ್ಲೇ ಜಾಣತನ ಇರುವುದು. ‘ಇದು ಬೈಪಾಸ್‌ನಿಂದ ಬಂದದ್ದೇ ತಾನೇ?’ ಎಂದು ಕೇಳಿದರೆ, ಹೊರರೋಗಿಗಳ ಸಾಲಿನ ನಡುವೆ ಅವರು ಹೌದೆಂದು ಸಹಿ ಹಾಕಿಬಿಡುತ್ತಾರೆ. ಉತ್ತರವನ್ನು ಬಾಯಿಗೆ ತುರುಕುವ ಪ್ರಶ್ನೆ ಅದು, ಯಾವ ಆಡಿಟ್‌ನಲ್ಲೂ ನಿಲ್ಲುವುದಿಲ್ಲ. ನಾನು ಫೈಲಿನಲ್ಲಿ ಕಂಡದ್ದನ್ನು, ಅಂದರೆ ಹಳೆಯ ಬೈಪಾಸ್, ಊದಿದ ಕೀಲುಗಳು, ಗುಳ್ಳೆಗಳು, ಕೀಲಿನ ನೀರಿನ ವರದಿ, ಇವನ್ನು ಪುಟಸಂಖ್ಯೆಯೊಂದಿಗೆ ಬರೆದು, ‘ಕೀಲುಬಾವಿನ ಕಾರಣವನ್ನು ದಯವಿಟ್ಟು ನಮೂದಿಸಿ, ಕಾರಣ ನಿಶ್ಚಿತವಾಗಿಲ್ಲದಿದ್ದರೆ ಹಾಗೆಂದೇ ಬರೆಯಿರಿ’ ಎಂದು ಕೇಳಿದೆ.

ಮೊದಲು ಬಂದ ಉತ್ತರ ನಿರೀಕ್ಷಿಸಿದ್ದೇ: “ಯಾವುದಾದರೂ ಒಂದು ಹಾಕಿಕೊಳ್ಳಿ ಮೇಡಂ.” ಮಾರನೆಯ ದಿನ ಹಿರಿಯ ವೈದ್ಯರ ಮೇಜಿಗೇ ಫೈಲು ಒಯ್ದೆ. ಅವರು ಓದಿ, ನಿಂತಲ್ಲೇ ಪಾಠ ಮಾಡಿದರು. ಆಹಾರ ಹರಿಯದೆ ಮೂಲೆಗುಂಪಾದ ಕರುಳಿನ ತುಂಡು ಕಟ್ಟಿಕೊಂಡ ಚರಂಡಿಯಂತೆ. ಅಲ್ಲಿ ಬ್ಯಾಕ್ಟೀರಿಯಾ ಮಿತಿಮೀರಿ ಬೆಳೆಯುತ್ತವೆ. ಅವುಗಳ ಅಂಶಗಳಿಗೆ ದೇಹ ತೋರುವ ಪ್ರತಿರೋಧದಿಂದ ಹುಟ್ಟುವ ಸಂಯುಕ್ತಗಳು ರಕ್ತದಲ್ಲಿ ತಿರುಗಿ ಕೀಲು, ಚರ್ಮದಲ್ಲಿ ತಂಗುತ್ತವೆ. ಗುಳ್ಳೆಗೂ ಮಂಡಿಗೂ ಅಲ್ಲಿಯೇ ನಂಟು. ಅಮೆರಿಕದಲ್ಲಿ ಒಂದು ಕಾಲಕ್ಕೆ ಬೊಜ್ಜು ಇಳಿಸಲು ಸಣ್ಣ ಕರುಳಿನ ಬಹುಪಾಲನ್ನು ಬದಿಗೆ ಸರಿಸುವ ಶಸ್ತ್ರಚಿಕಿತ್ಸೆ ಮಾಡುತ್ತಿದ್ದರು. ಈ ತೊಂದರೆ ಅವರಲ್ಲೇ ಹೆಚ್ಚಾಗಿ ಕಂಡದ್ದು, ಇಂಥ ತೊಡಕುಗಳಿಂದಾಗಿಯೇ ಆ ಪದ್ಧತಿಯನ್ನು ಕೈಬಿಟ್ಟರು ಎಂದರು. ಆಮೇಲೆ ‘ಕರುಳಿನ ಬೈಪಾಸ್‌ಗೆ ಸಂಬಂಧಿಸಿದ ಕೀಲುರೋಗ, ಬಹುಕೀಲು’ ಎಂದು ಸ್ವಂತ ಕೈಯಲ್ಲಿ ಬರೆದು, ದಿನಾಂಕ, ಸಮಯ ಹಾಕಿ ಸಹಿ ಮಾಡಿದರು. ನನಗೆ ಬೇಕಾದದ್ದು ಆ ಒಂದು ಸಾಲು.

ಕೋಡ್ ಹಾಕಲು ಎರಡು ನಿಮಿಷವೂ ಹಿಡಿಯಲಿಲ್ಲ. ಎಂ02.0, ಕೀಲಿನ ಜಾಗ ಸೂಚಿಸುವ ಐದನೆಯ ಅಂಕಿಯಾಗಿ ಬಹುಕೀಲಿಗೆ 0, ಜೊತೆಗೆ ಬೈಪಾಸ್ ಇದೆ ಎನ್ನಲು ಝಡ್98.0.

ಅಮೆರಿಕದ ಫೈಲುಗಳನ್ನು ನೋಡುವವರು ಇಲ್ಲಿ ಎಚ್ಚರ ವಹಿಸಬೇಕು. ಅಲ್ಲಿಯದು 2015ರ ಅಕ್ಟೋಬರ್ 1ರಿಂದ ಬಳಕೆಯಲ್ಲಿರುವ ಐಸಿಡಿ-10-ಸಿಎಂ, ಅದೇ ಪಟ್ಟಿಯ ಅಮೆರಿಕದ ರೂಪ. ಅದರಲ್ಲಿ ಜಾಗದ ಅಂಕಿಗಳೇ ಬೇರೆ. ಬಹುಕೀಲು ಎಂ02.09, ನಮ್ಮಲ್ಲಿ ಬಹುಕೀಲಿಗೆ ಬರುವ 0 ಅಲ್ಲಿ ಜಾಗ ಹೇಳದೆ ಬಿಟ್ಟದ್ದಕ್ಕೆ. ಬಲ ಮಂಡಿ ಎಂ02.061, ಎಡ ಮಂಡಿ ಎಂ02.062. ಹೊರರೋಗಿ ಫೈಲಿನಲ್ಲಿ ವೈದ್ಯರು ‘ಇರಬಹುದು’, ‘ಶಂಕೆ’ ಎಂದು ಬರೆದಿದ್ದರೆ ಈ ಕೋಡ್ ಹಾಕುವಂತಿಲ್ಲ, ಬರೀ ಕೀಲು ನೋವಿನ ಎಂ25.5 ಗುಂಪಿಗೆ ಇಳಿಯಬೇಕು. ಇನ್ನು ಬೊಜ್ಜಿಗಾಗಿ ಜಠರದ ಬೈಪಾಸ್ ಮಾಡಿಸಿಕೊಂಡವರ ಫೈಲುಗಳು ಅಲ್ಲಿಂದ ರಾಶಿ ರಾಶಿ ಬರುತ್ತವೆ. ಅವರ ಸ್ಥಿತಿಗೆ ಝಡ್98.84, ಝಡ್98.0 ಅಲ್ಲ. ಅವರ ಮಂಡಿ ನೋವು ಎಷ್ಟೋ ಸಲ ವರ್ಷಗಟ್ಟಲೆ ಹೊತ್ತ ತೂಕದ್ದು. ಬೈಪಾಸ್ ಎಂಬುದನ್ನು ನೋಡಿ ಎಂ02.0ಗೆ ಕೈ ಹಾಕುವವರು ಅಲ್ಲಿಯೂ ಇದ್ದಾರೆ.

ನಮ್ಮ ರೋಗಿಗೆ ಮೊದಲು ಆ್ಯಂಟಿಬಯೋಟಿಕ್ ಕೊಟ್ಟರು, ಬಾವು ಇಳಿದು ಮತ್ತೆ ಬಂತು. ಕೊನೆಗೆ ಶಸ್ತ್ರಚಿಕಿತ್ಸಕರು ಮೂಲೆಗುಂಪಾಗಿದ್ದ ಕರುಳಿನ ಭಾಗವನ್ನೇ ತೆಗೆದರು. ಮುಂದಿನ ತಪಾಸಣೆಯ ಫೈಲು ನನ್ನ ಮೇಜಿಗೆ ಬಂದಾಗ ಕೀಲುಬಾವು ಇಲ್ಲ ಎಂದು ವೈದ್ಯರು ಬರೆದಿದ್ದರು. ಹಳೆಯ ಫೈಲಿನಿಂದ ಎಂ02.0 ಅನ್ನು ಹಾಗೇ ನಕಲು ಮಾಡಲು ಹೊರಟಿದ್ದ ಹುಡುಗಿಯನ್ನು ತಡೆದೆ. ಝಡ್98.0 ಮಾತ್ರ ಉಳಿಯಿತು. ಬೈಪಾಸ್ ಹೋದರೂ ಕರುಳಿನ ಜೋಡಣೆ ಇದೆಯಲ್ಲ, ಆ ಕೋಡ್ ಎರಡಕ್ಕೂ ಸಲ್ಲುತ್ತದೆ.